ಕಿಯಾಂತಿ ಸೀಮೆಯಲ್ಲಿ ಅರ್ಧ ದಿನ

ಇಟಲಿ ದೇಶದ ನಡುಭಾಗದಲ್ಲಿ ಫ್ಲಾರೆನ್ಸ್ ಮತ್ತು ಸಿಯೆನಾ ಎಂಬ ಎರಡು ಹಳೆಯ ಪಟ್ಟಣಗಳಿವೆ. ಇವೆರಡರ ನಡುವಿನ ಗುಡ್ಡಗಾಡು ಸೀಮೆಗೆ ಕಿಯಾಂತಿ ಎಂದು ಹೆಸರು. ನಮ್ಮ ಜತ್ತ, ತಾಸಗಾಂವ ಕಡೆ ಹೇಗೋ ಹಾಗೆ ಅಲ್ಲಿಯೂ ದ್ರಾಕ್ಷಿಯೇ ಮುಖ್ಯ ಬೆಳೆ. ವ್ಯತ್ಯಾಸವೆಂದರೆ ನಾವು ಹಣ್ಣನ್ನು ತಿನ್ನುತ್ತೇವೆ ಇಲ್ಲವೇ ಒಣಗಿಸಿ ಬೇದಾಣೆ ಮಾಡುತ್ತೇವೆ, ಅವರು ಹಿಂಡಿ ವೈನ್ ಮಾಡುತ್ತಾರೆ. ಆ ವೈನ್ ಮಾಡುವ ಹಳ್ಳಿಗಳನ್ನು ಪ್ರವಾಸಿಗರಿಗೆ ತೋರಿಸುವುದೇ ಅಲ್ಲಿ ಇನ್ನೊಂದು ದಂಧೆ. ಮಧ್ಯಾಹ್ನ ಫ್ಲಾರೆನ್ಸಿನಿಂದ ಸಣ್ಣ ಬಸ್ಸು ಹೊರಡುತ್ತದೆ, ಎರಡು ಮೂರು ಹಳ್ಳಿ ಸುತ್ತಿಸುತ್ತದೆ, ಒಂದು ವೈನ್ ಮನೆಯಲ್ಲಿ ರುಚಿ ತೋರಿಸುತ್ತದೆ, ಕತ್ತಲಾಗುವುದರೊಳಗೆ ವಾಪಸು ಬಿಡುತ್ತದೆ. ಅರ್ಧ ದಿನದ ಪ್ರವಾಸ. ತಲೆಗೆ ನಮ್ಮ ರೂಪಾಯಿ ಲೆಕ್ಕದಲ್ಲಿ ಆರೇಳು ಸಾವಿರ.

ನಾನು ಕುಡಿಯುವವನಲ್ಲ. ನಮ್ಮ ಮನೆತನದಲ್ಲಿ ಆ ಪದ್ಧತಿ ಇಲ್ಲ. ಆದ್ದರಿಂದ ವೈನಿನ ರುಚಿ ಹೇಗಿತ್ತು ಎಂದು ಈ ಭಾಷಣದಲ್ಲಿ ನಿಮಗೆ ತಿಳಿಯುವುದಿಲ್ಲ. ಹೊಲ ಹೇಗಿತ್ತು, ಲೆಕ್ಕ ಹೇಗಿತ್ತು, ಅದನ್ನು ಹೇಳಬಲ್ಲೆ. 36 ವರ್ಷ ಬ್ಯಾಂಕಿನ ಕೌಂಟರಿನಲ್ಲಿ ಕೂತವನು ನಾನು. ದ್ರಾಕ್ಷಿ ತೋಟದ ಸಾಲದ ಕಾಗದಗಳನ್ನು ಸಾವಿರಗಟ್ಟಲೆ ನೋಡಿದ್ದೇನೆ. ತೋಟ ಬೆಳೆಸಿ ಮನೆ ಕಟ್ಟಿದವರನ್ನೂ ಕಂಡಿದ್ದೇನೆ, ತೋಟ ನಂಬಿ ಮನೆ ಮಾರಿದವರನ್ನೂ ಕಂಡಿದ್ದೇನೆ.

ಮಗಳು, ಅಳಿಯ ಮಿಲಾನ್ ಪಟ್ಟಣದಲ್ಲಿ ನೌಕರಿಯಲ್ಲಿದ್ದಾರೆ. 2023ರ ಸೆಪ್ಟೆಂಬರಿನಲ್ಲಿ ನಮ್ಮಿಬ್ಬರನ್ನೂ ಕರೆಸಿಕೊಂಡರು. ಹೊರಡುವ ಹಿಂದಿನ ದಿನ ನನ್ನ ತಮ್ಮ ಊರಿಂದ ಬಂದಿದ್ದ. ಉಮದಿ ಕಡೆಯ ನಮ್ಮ ಹಳ್ಳಿಯಲ್ಲಿ ಅವನದು ಮೂರು ಎಕರೆ ದ್ರಾಕ್ಷಿ. ಆ ವರ್ಷ ಬೇದಾಣೆಗೆ ಕಿಲೋಗೆ 110 ರೂಪಾಯಿಯ ಮೇಲೆ ಏರಿರಲಿಲ್ಲ. ಔಷಧದ ಅಂಗಡಿಯ ಬಾಕಿಯೇ ತೀರಿರಲಿಲ್ಲ. "ಅಣ್ಣಾ, ಆ ದೇಶದಾಗ ದ್ರಾಕ್ಷಿ ಹಾಕಿದಾಂವ ಹೆಂಗ ಬದುಕ್ಯಾನ ನೋಡಿಕೊಂಡು ಬಾ. ಗಿಡಾ ಕಿತ್ತು ಹಾಕೂದೋ ಇಟಗೊಳ್ಳೂದೋ, ನೀ ಬಂದ ಮ್ಯಾಲ ಮಾತಾಡೂಣು" ಅಂದ. ಅದಕ್ಕೇ ಮಗಳು ಫ್ಲಾರೆನ್ಸಿನಲ್ಲಿ ಈ ಪ್ರವಾಸದ ಮಾತು ತೆಗೆದು, "ಅಪ್ಪಾ, ಕುಡಿಯೂದು ಬಿಡು, ಹೊಲಾ ನೋಡಲಿಕ್ಕಾದ್ರೂ ಬಾ" ಅಂದಾಗ ನಾನು ಒಪ್ಪಿದೆ. ಮನೆಯಾಕೆಗೆ ಮಂಡಿನೋವು, ಅವರು ಕೋಣೆಯಲ್ಲೇ ಉಳಿದರು.

ಬಸ್ಸಿನಲ್ಲಿ ಎಂಟು ಜನ. ಅಮೆರಿಕದವರು ನಾಲ್ವರು, ಜಪಾನಿನ ದಂಪತಿಗಳು, ನಾನು, ಮಗಳು. ಅಳಿಯಂದಿರು ಅತ್ತೆಗೆ ಜೊತೆಯಾಗಿ ನಿಂತರು. ಗೈಡ್ ನಲವತ್ತರ ಹೆಣ್ಣುಮಗಳು, ಆ ಸೀಮೆಯವಳೇ. ಇಂಗ್ಲಿಷ್ ಚೆನ್ನಾಗಿ ಮಾತಾಡುತ್ತಿದ್ದಳು. ಡ್ರೈವರನ ಜೊತೆ ತನ್ನ ಭಾಷೆಯಲ್ಲಿ ಮಾತಾಡುವಾಗ ಮಾತ್ರ ನನಗೊಂದು ಮೋಜು ಕಂಡಿತು. ಇಟಲಿಯ ಭಾಷೆಯಲ್ಲಿ ಮನೆಗೆ ಕಾಸಾ ಎನ್ನುತ್ತಾರೆ, ಮಗಳು ಕಲಿಸಿದ್ದಳು. ಈಕೆಯ ಬಾಯಲ್ಲಿ ಅದು ಹಾಸಾ ಆಗುತ್ತಿತ್ತು. ಎರಡು ಸ್ವರದ ನಡುವೆ ಬಂದ ಕಕಾರ ಆ ಸೀಮೆಯಲ್ಲಿ ಹಕಾರವಾಗುತ್ತದಂತೆ, ಇಡೀ ಇಟಲಿ ಅದಕ್ಕೆ ನಗುತ್ತದಂತೆ. ನಮ್ಮ ಕನ್ನಡ ಶಾಲೆಯ ಗುರುಗಳು ಹಳಗನ್ನಡದ ಪಾಲು ಹಾಲಾಯಿತು, ಪುಲಿ ಹುಲಿಯಾಯಿತು ಎಂದು ಹೇಳಿಕೊಟ್ಟಿದ್ದು ನೆನಪಾಯಿತು. ಜತ್ತದ ಕನ್ನಡಕ್ಕೆ ಧಾರವಾಡದವರು ನಗುವುದೂ ನೆನಪಾಯಿತು.

ರಸ್ತೆ ಹಾವಿನಂತೆ ಗುಡ್ಡ ಸುತ್ತಿ ಏರುತ್ತದೆ. ಕಿಯಾಂತಿ ಎಂದರೆ ಬರೀ ದ್ರಾಕ್ಷಿ ಎಂದು ತಿಳಿದುಕೊಂಡು ಹೋದರೆ ಮೊದಲು ಕಾಣುವುದು ಕಾಡು. ಮೂಲ ಕಿಯಾಂತಿಯ ಸೀಮೆ ಸುಮಾರು 70,000 ಹೆಕ್ಟೇರ್. ಅದರಲ್ಲಿ ದ್ರಾಕ್ಷಿ ಸುಮಾರು 10,000 ಹೆಕ್ಟೇರ್ ಮಾತ್ರ. ಮೂರರಲ್ಲಿ ಎರಡು ಪಾಲು ಓಕ್ ಮುಂತಾದ ಮರಗಳ ಕಾಡು. ಕಾಡು ಇದ್ದಲ್ಲಿ ಹಂದಿ. ರಾತ್ರಿ ಹಂದಿಗಳು ಬಂದು ಮಾಗಿದ ಗೊನೆ ತಿನ್ನುತ್ತವೆ, ಅದಕ್ಕೆ ಕರೆಂಟಿನ ತಂತಿ ಕಟ್ಟಿದ್ದಾರೆ. ಈ ಒಂದು ಸಂಗತಿ ಕೇಳಿ ನನಗೆ ಪರದೇಶದಲ್ಲಿದ್ದೇನೆ ಅನ್ನಿಸಲಿಲ್ಲ.

ಮೊದಲ ನಿಲ್ದಾಣ ಗ್ರೇವೆ. ಸಂತೆ ಊರು. ಪೇಟೆಯ ಬಯಲು ಮುಕ್ಕೋನಾಕಾರದ್ದು, ಸುತ್ತ ಕಮಾನಿನ ಪಡಸಾಲೆ, ಅದರ ಮೇಲೆ ಹೂವಿನ ಕುಂಡಗಳು. ನಡುವೆ ವೆರಾಜಾನೋ ಎಂಬ ನಾವಿಕನ ಪ್ರತಿಮೆ. 1524ರಲ್ಲಿ ಈಗಿನ ನ್ಯೂಯಾರ್ಕ್ ಬಂದರಿಗೆ ಹಡಗು ತಂದವನು, ಈ ಸೀಮೆಯ ಮನೆತನದವನು. 1964ರಲ್ಲಿ ತೆರೆದ ಅಲ್ಲಿಯ ದೊಡ್ಡ ತೂಗುಸೇತುವೆಗೆ ಅವನ ಹೆಸರೇ ಇದೆ. ಅಮೆರಿಕದವರು ಫೋಟೋ ತೆಗೆದುಕೊಂಡರು. ಅಂಗಡಿ ಅಂಗಡಿಯ ಮುಂದೆ ಒಂದು ಕರಿಯ ಹುಂಜದ ಚಿತ್ರ. ಬಾಟಲಿಯ ಮೇಲೆ ಹುಂಜ, ತಟ್ಟೆಯ ಮೇಲೆ ಹುಂಜ, ಅಡುಗೆಮನೆಯ ಒರೆಸುವ ಬಟ್ಟೆಯ ಮೇಲೂ ಹುಂಜ.

ಇದರ ಕಥೆಯನ್ನು ಗೈಡ್ ಬಸ್ಸಿನಲ್ಲಿ ಹೇಳಿದಳು. ಹಿಂದೆ ಫ್ಲಾರೆನ್ಸಿಗೂ ಸಿಯೆನಾಕ್ಕೂ ಗಡಿ ಜಗಳ. ಜಗಳ ಹೀಗೆ ತೀರಿಸಿಕೊಂಡರಂತೆ: ಎರಡೂ ಊರಿನಿಂದ ಹುಂಜ ಕೂಗಿದ ಕ್ಷಣ ಒಬ್ಬೊಬ್ಬ ಸವಾರ ಹೊರಡಬೇಕು, ಇಬ್ಬರೂ ಎಲ್ಲಿ ಸಂಧಿಸುತ್ತಾರೋ ಅದೇ ಗಡಿ. ಸಿಯೆನಾದವರು ಬಿಳಿ ಹುಂಜಕ್ಕೆ ಹೊಟ್ಟೆ ತುಂಬ ತಿನ್ನಿಸಿದರು. ಫ್ಲಾರೆನ್ಸಿನವರು ಕರಿ ಹುಂಜವನ್ನು ಉಪವಾಸ ಕೆಡವಿದರು. ಹಸಿದ ಹುಂಜ ಬೆಳಕು ಹರಿಯುವ ಎಷ್ಟೋ ಮೊದಲೇ ಕೂಗಿತು. ಫ್ಲಾರೆನ್ಸಿನ ಸವಾರ ಸಿಯೆನಾದ ಬಾಗಿಲ ಹತ್ತಿರದವರೆಗೂ ಬಂದ. ಹಾಗಾಗಿ ಕಿಯಾಂತಿಯೆಲ್ಲ ಫ್ಲಾರೆನ್ಸಿನ ಪಾಲಾಯಿತು. ಎಲ್ಲರೂ ನಕ್ಕರು. ಗಡಿಯನ್ನು ಹುಂಜ ಹಾಕಿದರೇನು, ಕಮಿಷನ್ ಹಾಕಿದರೇನು, ಗಡಿಯ ಮೇಲಿನ ಹಳ್ಳಿಯವರನ್ನು ಯಾರೂ ಕೇಳುವುದಿಲ್ಲ ಎಂದು ನಾನು ಮಗಳಿಗೆ ಹೇಳಿದೆ. ಅವಳು ಅದನ್ನು ಇಂಗ್ಲಿಷಿನಲ್ಲಿ ಗೈಡಿಗೆ ಹೇಳಲಿಲ್ಲ.

ಕಥೆ ಕಥೆಯೇ. ಆದರೆ ಹುಂಜದ ಹಿಂದೆ ನಿಜವಾದ ಕಾಗದಪತ್ರವಿದೆ. 1716ರಲ್ಲಿ ಆ ರಾಜ್ಯವನ್ನು ಆಳುತ್ತಿದ್ದ ಮೂರನೆಯ ಕೊಸಿಮೋ ಎಂಬ ದೊರೆ ಒಂದು ಆಜ್ಞೆ ಹೊರಡಿಸಿದ. ಯಾವ ಎಲ್ಲೆಯೊಳಗೆ ಬೆಳೆದ ವೈನಿಗೆ ಮಾತ್ರ ಕಿಯಾಂತಿ ಎಂದು ಹೇಳಬಹುದು ಎಂದು ಊರು, ಹಳ್ಳ, ಗುಡ್ಡಗಳ ಹೆಸರು ಹಿಡಿದು ಗೆರೆ ಎಳೆದ. ಕಿಯಾಂತಿಯ ಜೊತೆಗೆ ಇನ್ನೂ ಮೂರು ಸೀಮೆಗಳಿಗೆ ಹೀಗೆಯೇ ಎಲ್ಲೆ ಕಟ್ಟಿದ. ಕಳ್ಳಮಾಲು ನೋಡಿಕೊಳ್ಳಲು ಮಂಡಳಿ ನೇಮಿಸಿದ. ಒಂದು ಊರಿನ ಹೆಸರೂ ಒಂದು ಆಸ್ತಿ, ಹೊಲದಂತೆ ಅದಕ್ಕೂ ಚಕಬಂದಿ ಬೇಕು ಎಂದು ಮುನ್ನೂರು ವರ್ಷದ ಹಿಂದೆಯೇ ಅವರಿಗೆ ಹೊಳೆದಿತ್ತು.

ಆಮೇಲೆ 1872ರಲ್ಲಿ ಬೆತ್ತೀನೊ ರಿಕಾಸೊಲಿ ಎಂಬ ಜಹಗೀರದಾರ ಯಾವ ಯಾವ ದ್ರಾಕ್ಷಿ ಸೇರಿದರೆ ಕಿಯಾಂತಿ ಎಂದು ಒಂದು ಪತ್ರದಲ್ಲಿ ಬರೆದಿಟ್ಟ. ಈತ ಒಗ್ಗೂಡಿದ ಇಟಲಿಯ ಎರಡನೆಯ ಪ್ರಧಾನಮಂತ್ರಿ. ರಾಜಕೀಯ ಬಿಟ್ಟು ಬ್ರೋಲಿಯೊ ಎಂಬ ತನ್ನ ಕೋಟೆಯಲ್ಲಿ ದ್ರಾಕ್ಷಿಯ ಪ್ರಯೋಗ ಮಾಡುತ್ತಿದ್ದ. ಮುಖ್ಯ ಜಾತಿ ಸಾಂಜೊವೇಸೆ, ಕರಿ ದ್ರಾಕ್ಷಿ. ಹೆಸರಿಗೆ ಬೆಲೆ ಬಂದ ಮೇಲೆ ಸುತ್ತಲಿನವರೆಲ್ಲ ಅದೇ ಹೆಸರು ಹಾಕಿ ಮಾರತೊಡಗಿದರು. 1924ರಲ್ಲಿ 33 ಬೆಳೆಗಾರರು ಸೇರಿ ಸಂಘ ಕಟ್ಟಿ ಕರಿ ಹುಂಜವನ್ನು ಗುರುತಾಗಿ ಇಟ್ಟುಕೊಂಡರು. ಆದರೂ 1932ರಲ್ಲಿ ಸರಕಾರವೇ ಕಿಯಾಂತಿಯ ಎಲ್ಲೆಯನ್ನು ಅಕ್ಕಪಕ್ಕದ ಸೀಮೆಗಳಿಗೆ ಹಿಗ್ಗಿಸಿತು. ಮೂಲದವರಿಗೆ ಉಳಿದದ್ದು ಹೆಸರಿನ ಮುಂದೆ ಕ್ಲಾಸಿಕೊ, ಅಂದರೆ ಅಸಲು, ಎಂಬ ಬಾಲ. ಅವರು ಅಷ್ಟಕ್ಕೆ ಬಿಡಲಿಲ್ಲ. 1984ರಲ್ಲಿ ಅತಿ ಕಟ್ಟುನಿಟ್ಟಿನ ದರ್ಜೆ ಪಡೆದರು. 1996ರಲ್ಲಿ ಉಳಿದ ಕಿಯಾಂತಿಯಿಂದ ಬೇರೆಯೇ ಕಾಯ್ದೆ ಮಾಡಿಸಿಕೊಂಡರು. ಅಮೆರಿಕದಲ್ಲಿ ಹುಂಜಕ್ಕೆ ಅವರ ಭಾಷೆಯ ಹೆಸರಾದ ಗಾಲೋ ಎಂಬುದನ್ನು ಬಳಸಲು ಹೋಗಿ, ಅದೇ ಅಡ್ಡಹೆಸರಿನ ಭಾರಿ ವೈನ್ ಕಂಪನಿಯ ಜೊತೆ ಕೋರ್ಟಿನಲ್ಲಿ ಸೋತರು. ಅಲ್ಲಿ ಹೆಸರು ಬಿಡಬೇಕಾಯಿತು. ಹೆಸರಿಗಾಗಿ ಇಷ್ಟು ಬಡಿದಾಡಿದವರನ್ನು ನಾನು ನೋಡಿರಲಿಲ್ಲ.

ಗ್ರೇವೆ ದಾಟಿ, ಪಾಂಜಾನೊ ಎಂಬ ಊರನ್ನು ಕಿಟಕಿಯಿಂದಲೇ ನೋಡಿ, ಒಂದು ತೋಟದ ಮುಂದೆ ಇಳಿದೆವು. ಇಲ್ಲಿ ನನಗೆ ಜೀವ ಬಂದ ಹಾಗಾಯಿತು.

ನೆಲ ನಮ್ಮ ಗರಸು ನೆಲದಂತೆ. ಕೈಯಲ್ಲಿ ಹಿಡಿದರೆ ಪದರು ಪದರಾಗಿ ಬಿಡುವ ಕಲ್ಲು, ಗಲೆಸ್ತ್ರೊ ಎನ್ನುತ್ತಾರೆ. ನೀರು ನಿಲ್ಲುವುದಿಲ್ಲ. ನಮ್ಮ ಕಡೆಯ ಹಾಗೆ ತಲೆಯ ಮೇಲೆ ಚಪ್ಪರವಿಲ್ಲ, ವಾಯ್ ಆಕಾರದ ಕಂಬಗಳೂ ಇಲ್ಲ. ಎದೆಮಟ್ಟದ ತಂತಿ, ಗಿಡ ಸಾಲಿನಲ್ಲಿ ಬೇಲಿಯಂತೆ ನಿಂತಿದೆ. ನಾವು ವರ್ಷಕ್ಕೆ ಎರಡು ಛಾಟಣಿ ಮಾಡುತ್ತೇವೆ, ಏಪ್ರಿಲಿನಲ್ಲಿ ಕಡ್ಡಿಗಾಗಿ, ಅಕ್ಟೋಬರಿನಲ್ಲಿ ಹಣ್ಣಿಗಾಗಿ. ಅವರು ಒಂದೇ ಸಲ, ಚಳಿಗಾಲದಲ್ಲಿ. ಚಳಿಗೆ ಗಿಡ ಎಲೆ ಉದುರಿಸಿ ಮಲಗುತ್ತದೆ. ನಮ್ಮ ಗಿಡಕ್ಕೆ ನಿದ್ರೆಯೇ ಇಲ್ಲ ಎಂದು ಗೈಡಿಗೆ ಹೇಳಿದಾಗ ಅವಳಿಗೆ ಆಶ್ಚರ್ಯವಾಯಿತು. ನಮ್ಮ ಥಾಮ್ಸನ್ ಜಾತಿಯನ್ನು ಡಾಗ್ರಿಜ್ ಎಂಬ ಅಮೆರಿಕದ ಬೇರಿನ ಮೇಲೆ ಕಸಿ ಕಟ್ಟುತ್ತಾರೆ, ಉಪ್ಪು ನೀರು, ಬರ ತಡೆಯಲೆಂದು. ಅಲ್ಲಿಯೂ ಅಮೆರಿಕದ ಬೇರೇ. ಹತ್ತೊಂಬತ್ತನೆಯ ಶತಮಾನದಲ್ಲಿ ಬೇರು ತಿನ್ನುವ ಒಂದು ಹೇನು ಅಮೆರಿಕದಿಂದ ಬಂದು ಯುರೋಪಿನ ತೋಟಗಳನ್ನೆಲ್ಲ ಮುಗಿಸಿತು. ಆ ಹೇನನ್ನು ತಡೆಯುವ ಬೇರೂ ಅಮೆರಿಕದಿಂದಲೇ ಬರಬೇಕಾಯಿತು.

ಎಲೆಗಳ ಮೇಲೆ ನೀಲಿ ಹುಡಿ ಕಂಡಿತು. ಮೈಲುತುತ್ತ, ಸುಣ್ಣ. ನಮ್ಮ ಬೋರ್ಡೋ ಮಿಶ್ರಣವೇ. 2023ರ ಮೇ, ಜೂನ್ ತಿಂಗಳಲ್ಲಿ ಅಲ್ಲಿ ಬಿಡದೆ ಮಳೆ ಹೊಯ್ದು ಡಾವಣಿ ರೋಗ ಬಿದ್ದಿತ್ತು. ಅವರು ಪೆರೊನೊಸ್ಪೊರಾ ಎನ್ನುತ್ತಾರೆ. ಗೈಡ್ ಆ ಹೆಸರು ಹೇಳಿದಾಗ ತಿಳಿಯಲಿಲ್ಲ, ಒಣಗಿದ ಗೊನೆ ಎತ್ತಿ ತೋರಿಸಿದಾಗ ಮಗಳ ಅನುವಾದ ಬೇಕಾಗಲಿಲ್ಲ. ಆ ವರ್ಷ ಇಟಲಿಯ ವೈನ್ ಎಷ್ಟು ಇಳಿಯಿತೆಂದರೆ ಜಗತ್ತಿನಲ್ಲಿ ಮೊದಲ ಸ್ಥಾನ ಫ್ರಾನ್ಸಿಗೆ ಹೋಯಿತು. ಹಬ್ಬದ ಮೊದಲು ಅಕಾಲ ಮಳೆ ಬಿದ್ದರೆ ನಮ್ಮ ತೋಟದವರ ಮುಖ ಹೇಗಾಗುತ್ತದೆ ಎಂದು ನಿಮಗೆ ಗೊತ್ತು. ಆ ಮುಖವನ್ನು ಆ ದಿನ ಅಲ್ಲಿ ನೋಡಿದೆ.

ಕೊಯ್ಲು ನಡೆದಿತ್ತು. ಗೈಡ್ ನಮ್ಮನ್ನು ಗುಲಾಬಿ ಗಿಡ ನೆಟ್ಟ ಸಾಲಿನ ತುದಿಗೆ ಕರೆದೊಯ್ದಳು, ರೋಗ ಮೊದಲು ಗುಲಾಬಿಗೆ ತಾಗಿ ಎಚ್ಚರಿಸುತ್ತದೆ ಎಂದು ವಿವರಿಸಿದಳು. ನಾನು ಸಾಲಿನೊಳಗೆ ಬುಟ್ಟಿ ಹಿಡಿದವರ ಕಡೆ ನೋಡುತ್ತಿದ್ದೆ. ಇಬ್ಬರು ನಮ್ಮ ಕಡೆಯವರ ಹಾಗೆ ಕಂಡರು. ಹಿಂದಿಯಲ್ಲಿ ಕೇಳಿದೆ. ಪಾಕಿಸ್ತಾನದ ಪಂಜಾಬದವರು. ಮನೆಯಲ್ಲಿ ಗೋಧಿ ಬೆಳೆಯುತ್ತಾರೆ, ದ್ರಾಕ್ಷಿ ನೋಡಿದ್ದೇ ಇಲ್ಲಿ. ಕೊಯ್ಲು ಮುಗಿದರೆ ಆಲಿವ್ ಕಾಯಿ ಬಿಡಿಸಲು ಹೋಗುತ್ತಾರಂತೆ. ನಮ್ಮಲ್ಲಿ ಛಾಟಣಿಗೆ ಬಿಹಾರದ ಟೋಳಿಗಳು ಬರುವ ಹಾಗೆ. ಎರಡು ನಿಮಿಷ ಮಾತು, ಅಷ್ಟರಲ್ಲಿ ಮೇಸ್ತ್ರಿ ಕೂಗಿದ. ಆರೇಳು ಸಾವಿರದ ಪ್ರವಾಸದಲ್ಲಿ ಆ ಇಬ್ಬರ ಪರಿಚಯ ಸೇರಿರಲಿಲ್ಲ.

ಮುಂದೆ ವೈನ್ ಮನೆ. ಒಳಗೆ ತಂಪು. ಆಳೆತ್ತರದ ಓಕ್ ಮರದ ಪೀಪಾಯಿಗಳು. ಉದ್ದ ಮೇಜಿನ ಮೇಲೆ ಎಲ್ಲರ ಮುಂದೆ ನಾಲ್ಕು ನಾಲ್ಕು ಗಾಜಿನ ಬಟ್ಟಲು. ಮೊದಲು ಬಿಳಿ ಕಾಗದದ ಮೇಲೆ ಓರೆಯಾಗಿ ಹಿಡಿದು ಬಣ್ಣ ನೋಡಬೇಕು, ಆಮೇಲೆ ತಿರುವಿ ವಾಸನೆ ನೋಡಬೇಕು, ಆಮೇಲೆ ಬಾಯಿ. ನುಂಗದವರಿಗೆ ಉಗುಳಲು ಒಂದು ಪಾತ್ರೆ. ಎಲೆಅಡಿಕೆ ನಾಡಿನವನಿಗೆ ಆ ಪಾತ್ರೆ ಹೊಸದಲ್ಲ. ನಾನು ಬಣ್ಣದವರೆಗೆ, ವಾಸನೆಯವರೆಗೆ ಎಲ್ಲರ ಜೊತೆ ಹೋದೆ. ನೋಟನ್ನು ಬೆಳಕಿಗೆ ಹಿಡಿದು ನೋಡಿದ ಕೈ ನನ್ನದು. ವಾಸನೆ ಮಾಗಿದ ನೇರಳೆಯದು, ಹಿಂದೆ ಸ್ವಲ್ಪ ಹಸಿ ಮಣ್ಣಿನದು. ನನ್ನ ಬಟ್ಟಲನ್ನು ಜಪಾನಿನ ಯಜಮಾನರ ಕಡೆ ಸರಿಸಿದೆ. ಅವರು ಬಗ್ಗಿ ವಂದಿಸಿದರು.

ಬಾಟಲಿಯ ಕತ್ತಿಗೆ ಒಂದು ಕಾಗದದ ಪಟ್ಟಿ ಅಂಟಿಸಿದ್ದರು. ಸರಕಾರದ ಪಟ್ಟಿ, ಅದರ ಮೇಲೆ ನಂಬರು. ಒಂದೊಂದು ಬಾಟಲಿಗೂ ಬೇರೆ ನಂಬರು, ಥೇಟ್ ನೋಟಿನ ಹಾಗೆ. ಎಷ್ಟು ಹೊಲಕ್ಕೆ ಎಷ್ಟು ವೈನ್ ಬರಬಹುದೋ ಅಷ್ಟೇ ಪಟ್ಟಿ ಕೊಡುತ್ತಾರೆ. ಹೊರಗಿನ ಮಾಲು ಬೆರೆಸಿ ಹೆಚ್ಚು ಮಾರಲು ಬರುವುದಿಲ್ಲ. 1986ರಲ್ಲಿ ಇಟಲಿಯ ಉತ್ತರ ಭಾಗದಲ್ಲಿ ಕೆಲವರು ಅಗ್ಗದ ವೈನಿಗೆ ಮೆಥನಾಲ್ ಎಂಬ ವಿಷದ ಮದ್ಯಸಾರ ಬೆರೆಸಿ ಇಪ್ಪತ್ತರಷ್ಟು ಜನ ಸತ್ತರು, ಹಲವರು ಕಣ್ಣು ಕಳೆದುಕೊಂಡರು. ಕಿಯಾಂತಿಯವರ ತಪ್ಪಿರಲಿಲ್ಲ, ಆದರೂ ಇಡೀ ದೇಶದ ವೈನಿನ ಮಾರಾಟ ನೆಲಕ್ಕೆ ಬಿತ್ತು. ಆಮೇಲೆ ತಪಾಸಣೆ ಬಿಗಿಯಾಯಿತು. ಸಾರಾಯಿ ದುರಂತಗಳು ನಮ್ಮ ದೇಶದಲ್ಲಿ ಎಷ್ಟಾಗಿವೆ ಎಂದು ಎಣಿಸುತ್ತ ಕೂತೆ. ಎಣಿಕೆ ಬಿಟ್ಟೆ.

ಈಗ ತಮ್ಮನಿಗಾಗಿ ಮಾಡಿದ ಲೆಕ್ಕ. ಪೆನ್ನು ಕಾಗದ ಹತ್ತಿರ ಇಟ್ಟುಕೊಳ್ಳಿರಿ.

ಕಾಯ್ದೆಯ ಪ್ರಕಾರ ಅಲ್ಲಿ ಒಂದು ಹೆಕ್ಟೇರಿಗೆ 75 ಕ್ವಿಂಟಲಿಗಿಂತ ಹೆಚ್ಚು ದ್ರಾಕ್ಷಿ ತೆಗೆಯುವಂತಿಲ್ಲ. ಎಕರೆಗೆ 30 ಕ್ವಿಂಟಲ್, ಅಂದರೆ ಮೂರು ಟನ್. ನನ್ನ ತಮ್ಮ ಎಕರೆಗೆ 12 ಟನ್ ತೆಗೆಯುತ್ತಾನೆ. ಹೆಚ್ಚು ಗೊನೆ ಬಿಟ್ಟರೆ ರುಚಿ ತೆಳ್ಳಗಾಗುತ್ತದೆ ಎಂದು ಅವರು ಬೇಸಿಗೆಯಲ್ಲಿ ಹಸಿ ಗೊನೆಗಳನ್ನು ಕತ್ತರಿಸಿ ನೆಲಕ್ಕೆ ಕೆಡವುತ್ತಾರೆ. ಆ ಮಾತು ಕೇಳಿ ನನ್ನ ಹೊಟ್ಟೆಯಲ್ಲಿ ಕಲಸಿದಂತಾಯಿತು. ನೂರು ಕಿಲೋ ಹಣ್ಣಿಗೆ 70 ಲೀಟರ್ ವೈನ್ ಹಿಡಿದರೆ ಎಕರೆಗೆ 2,100 ಲೀಟರ್. ಮುಕ್ಕಾಲು ಲೀಟರಿನ ಬಾಟಲಿಯಲ್ಲಿ 2,800 ಬಾಟಲಿ. ಅಲ್ಲಿ ಒಂದರ ಬೆಲೆ 18 ಯೂರೋ. ಆಗಿನ ದರದಲ್ಲಿ ಯೂರೋಗೆ 88 ರೂಪಾಯಿ. ಎಕರೆಗೆ 44 ಲಕ್ಷ ಆಗುತ್ತದೆ. ತಮ್ಮನ ಲೆಕ್ಕ: 12 ಟನ್ ಹಸಿ ಹಣ್ಣು ಒಣಗಿ ಮೂರು ಟನ್ ಬೇದಾಣೆ, ಕಿಲೋಗೆ 110ರಂತೆ 3 ಲಕ್ಷ 30 ಸಾವಿರ.

ತಕ್ಷಣ ಯಾರೂ ವೈನ್ ಮಾಡಲು ಓಡಬೇಡಿರಿ. 44 ಲಕ್ಷ ಅಂಗಡಿಯ ದರ, ಕೈಗೆ ಬರುವ ದುಡ್ಡಲ್ಲ. ಅದರಲ್ಲಿ ಗಾಜು, ಬಿರಡೆ, ಪೀಪಾಯಿ, ತೆರಿಗೆ, ವ್ಯಾಪಾರಿಯ ಪಾಲು, ಆ ದೇಶದ ಕೂಲಿಯ ದರ, ಕಟ್ಟಡದ ಸಾಲ ಎಲ್ಲ ಕಳೆಯಬೇಕು. ಮಾಲು ವರ್ಷ ಎರಡು ವರ್ಷ ಪೀಪಾಯಿಯಲ್ಲೇ ಇರುತ್ತದೆ, ಅಷ್ಟು ದಿನ ಬಡ್ಡಿ ಓಡುತ್ತದೆ. ಸ್ವಂತ ವೈನ್ ಮನೆ ಇಲ್ಲದೆ ಬರೀ ಹಣ್ಣು ಮಾರುವ ಸಣ್ಣ ಬೆಳೆಗಾರನಿಗೆ ಇದರಲ್ಲಿ ಸಣ್ಣ ಚೂರು ಮಾತ್ರ. ಇಷ್ಟೆಲ್ಲ ಕಳೆದರೂ ಒಂದು ಸಂಗತಿ ಉಳಿಯುತ್ತದೆ. ಅವರ ಬಾಟಲಿಯ ಮೇಲೆ ಊರಿನ ಹೆಸರಿದೆ, ಗ್ರಾಹಕ ಆ ಹೆಸರಿಗೆ ದುಡ್ಡು ಕೊಡುತ್ತಾನೆ. ನನ್ನ ತಮ್ಮನ ಬೇದಾಣೆ ತಾಸಗಾಂವದ ಸೌದೆಗೆ ಹೋಗುತ್ತದೆ, ಅಡತಿ ಅಂಗಡಿಯಲ್ಲಿ ರಾಶಿಗೆ ಸೇರುತ್ತದೆ. ಮುಂಬೈಯಲ್ಲೋ ದಿಲ್ಲಿಯಲ್ಲೋ ಪ್ಯಾಕೆಟ್ ಆಗುವಾಗ ಅದರ ಮೇಲೆ ವ್ಯಾಪಾರಿಯ ಹೆಸರು ಬರುತ್ತದೆ.

ಹಾಗಂತ ಕಿಯಾಂತಿಯ ರೈತ ಸುಖವಾಗಿದ್ದ ಎಂದು ತಿಳಿಯಬೇಡಿರಿ. ರುಚಿ ನೋಡುವ ಕೋಣೆಯ ಮೂಲೆಯಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಒಂದು ಹಳೆಯ ಪುಸ್ತಕ ಬಿಚ್ಚಿಟ್ಟಿದ್ದರು. ಉಳಿದವರು ವೈನ್ ನೋಡುತ್ತಿದ್ದರು, ನಾನು ಪುಸ್ತಕದ ಮುಂದೆ ನಿಂತೆ. ಭಾಷೆ ಬಾರದಿದ್ದರೂ ಪುಟ ನೋಡಿದ ಕೂಡಲೇ ಖಾತೆಪುಸ್ತಕ ಎಂದು ತಿಳಿಯಿತು. ಒಂದು ಕಡೆ ಜಮಾ, ಇನ್ನೊಂದು ಕಡೆ ಖರ್ಚು, ಕೆಳಗೆ ಮುಂದೆ ಒಯ್ದ ಬಾಕಿ. ಗೈಡನ್ನು ಕರೆದು ಕೇಳಿದೆ. ಅದು ಪಾಲುದಾರ ರೈತನ ಪುಸ್ತಕವಂತೆ.

ಶತಮಾನಗಳ ಕಾಲ ಆ ಸೀಮೆಯ ಹೊಲವೆಲ್ಲ ಜಹಗೀರದಾರರದು. ರೈತ ಕುಟುಂಬ ಗುಡ್ಡದ ಮೇಲಿನ ಕಲ್ಲುಮನೆಯಲ್ಲಿ ಇದ್ದು ದುಡಿಯಬೇಕು, ಬೆಳೆದದ್ದರಲ್ಲಿ ಅರ್ಧ ಒಡೆಯನಿಗೆ. ಮೆಜ್ಜಾದ್ರಿಯಾ ಎಂದು ಆ ಪದ್ಧತಿಯ ಹೆಸರು. ಅರ್ಧ ಎಂದೇ ಅರ್ಥ. ನಮ್ಮ ಕಡೆ ಪಾಲಿಗೆ ಹೊಲ ಮಾಡುವ ಹಾಗೆ. ಬೀಜ, ದನ, ಗೊಬ್ಬರ ಎಲ್ಲದರ ಲೆಕ್ಕ ಒಡೆಯನ ಕಾರಭಾರಿ ಬರೆಯುತ್ತಿದ್ದ. ವರ್ಷದ ಕೊನೆಗೆ ಮೊತ್ತ ಹಾಕಿದರೆ ಎಷ್ಟೋ ಕುಟುಂಬಗಳಿಗೆ ಬಾಕಿಯೇ ಉಳಿಯುತ್ತಿತ್ತು. ಬಸ್ಸಿನಿಂದ ನೋಡಿ ಎಲ್ಲರೂ ಚೆಂದ ಎಂದ ಕಲ್ಲಿನ ಒಡ್ಡುಗಳನ್ನು ಕಟ್ಟಿದವರು ಈ ಅರ್ಧ ಪಾಲಿನ ಜನ. ಜೊಂಡು ಹುಲ್ಲು ಹೆಣೆದ ಹೊಟ್ಟೆದಪ್ಪ ಬಾಟಲಿ ಹಳೆಯ ಸಿನಿಮಾಗಳಲ್ಲಿ ಕಾಣುತ್ತದಲ್ಲ, ಆ ಹೆಣಿಗೆ ಹಳ್ಳಿಯ ಹೆಂಗಸರದು.

ಎರಡನೆಯ ಮಹಾಯುದ್ಧದ ನಂತರ ಈ ಜನ ಕಾರಖಾನೆಯ ಕೂಲಿಗೆಂದು ಪಟ್ಟಣ ಸೇರಿದರು. 1964ರಲ್ಲಿ ಹೊಸದಾಗಿ ಅರ್ಧಪಾಲಿನ ಕರಾರು ಮಾಡಕೂಡದೆಂದು ಕಾಯ್ದೆ ಬಂತು. ಅಷ್ಟರಲ್ಲಿ ಕಲ್ಲುಮನೆಗಳು ಒಂದೊಂದಾಗಿ ಖಾಲಿಯಾಗಿದ್ದವು. ಅವನ್ನು ಅಗ್ಗಕ್ಕೆ ಕೊಂಡು ಚೆಂದ ಮಾಡಿಸಿದವರು ಇಂಗ್ಲೆಂಡಿನವರು, ಜರ್ಮನಿಯವರು, ರೋಮ್ ಮಿಲಾನಿನ ಧನಿಕರು. ಈಗ ಅದೇ ಮನೆಗಳಲ್ಲಿ ಈಜುಕೊಳಗಳಿವೆ. ನಮ್ಮಲ್ಲಿ ಮುಂಬೈ ರಾಜ್ಯದ ಕುಳ ಕಾಯ್ದೆಯ ಪ್ರಕಾರ 1957ರ ಏಪ್ರಿಲ್ 1ರಂದು ಉಳುವವನನ್ನೇ ಒಡೆಯ ಎಂದು ಹಿಡಿದರು. ನಮ್ಮ ಅಜ್ಜನಿಗೆ ಎಂಟು ಎಕರೆ ಬಂದದ್ದು ಹಾಗೆ, ತಮ್ಮನ ಮೂರು ಎಕರೆ ಅದರಲ್ಲಿಯದೇ. ಅಂದರೆ ಅಲ್ಲಿ ಹೆಸರು ಉಳಿಯಿತು, ರೈತ ಹೋದ. ನಮ್ಮಲ್ಲಿ ರೈತ ಉಳಿದ, ಅವನ ಮಾಲಿಗೆ ಹೆಸರಿಲ್ಲ. ಗಾಜಿನ ಪೆಟ್ಟಿಗೆಯ ಮುಂದೆ ನಿಂತು ಇದನ್ನೇ ಯೋಚಿಸಿದೆ. ಆ ಪುಸ್ತಕದ ಅಕ್ಷರ ಮಾತ್ರ ಬಹಳ ಚೆಂದ. ಕಾರಭಾರಿ ಯಾರೋ, ಕೈ ಒಳ್ಳೆಯದು.

ಕೊನೆಗೆ ಗೈಡ್ ನಮ್ಮನ್ನು ಮಾಳಿಗೆ ಹತ್ತಿಸಿದಳು. ನೆಲಮಾಳಿಗೆಯ ತಂಪಿಲ್ಲ ಅಲ್ಲಿ, ಹೆಂಚಿನ ಕೆಳಗೆ ಸೆಖೆ. ಬಿದಿರಿನಂಥ ದಬ್ಬೆಯ ಚಾಪೆಗಳ ಮೇಲೆ, ಅಟ್ಟದ ಮೇಲೆ ಅಟ್ಟ, ಬಿಳಿ ದ್ರಾಕ್ಷಿಯ ಗೊನೆ ಹರಡಿದ್ದರು. ಕೆಲವು ತೊಲೆಗೆ ತೂಗುತ್ತಿದ್ದವು. "ಇದು ನಮ್ಮ ಶೆಡ್" ಎಂದು ಬಾಯಿಂದ ಬಂದುಬಿಟ್ಟಿತು. ಬೇದಾಣೆಯೇ! ವಿನ್ ಸಾಂತೊ ಎಂಬ ಸಿಹಿ ವೈನಿಗಾಗಿ ಹಣ್ಣನ್ನು ಹೀಗೆ ಒಣಗಿಸಿ, ಚಳಿಗಾಲದಲ್ಲಿ ಹಿಂಡಿ, ಸಣ್ಣ ಪೀಪಾಯಿಗೆ ತುಂಬಿ ಮುಚ್ಚಿ, ಅದೇ ಮಾಳಿಗೆಯ ಬಿಸಿಲು ಚಳಿಯಲ್ಲಿ ವರ್ಷಗಟ್ಟಲೆ ಬಿಡುತ್ತಾರೆ. ಪೀಪಾಯಿ ಖಾಲಿ ಮಾಡುವಾಗ ತಳದ ಗಸಿಯನ್ನು ತೆಗೆಯುವುದಿಲ್ಲ. ಅದಕ್ಕೆ ತಾಯಿ ಎಂದು ಹೆಸರು. ಹೊಸ ರಸ ಅದರ ಮೇಲೆಯೇ ಬೀಳಬೇಕು. ನಮ್ಮ ಮನೆಗಳಲ್ಲಿ ಮೊಸರಿನ ಹೆಪ್ಪು ಕಾಯ್ದ ಹಾಗೆ, ಮನೆಯಿಂದ ಮನೆಗೆ, ತಾಯಿಯಿಂದ ಮಗಳಿಗೆ.

ತಮ್ಮ ಗೊನೆಗಳನ್ನು ಪೊಟ್ಯಾಶಿಯಂ ಕಾರ್ಬೋನೇಟಿನಲ್ಲಿ, ಡಿಪ್ಪಿಂಗ್ ಆಯಿಲಿನಲ್ಲಿ ಅದ್ದಿ ಜಾಳಿಗೆಯ ಮೇಲೆ ಹಾಕುತ್ತಾನೆ, ಹದಿನೈದು ದಿನದಲ್ಲಿ ಒಣಗುತ್ತದೆ. ಇವರು ಏನೂ ಹಾಕುವುದಿಲ್ಲ, ಮೂರು ನಾಲ್ಕು ತಿಂಗಳು ಗಾಳಿಗೆ ಬಿಡುತ್ತಾರೆ. ಗೈಡ್ ಒಂದು ಗೊನೆಯಿಂದ ನಾಲ್ಕು ಹಣ್ಣು ಕಿತ್ತು ಕೊಟ್ಟಳು. ಬೀಜ ಇದೆ, ಸಿಪ್ಪೆ ಗಟ್ಟಿ. ತಮ್ಮನ ಬೇದಾಣೆ ತಿನ್ನಲು ಇದಕ್ಕಿಂತ ಎಷ್ಟೋ ಮೇಲು, ಇದನ್ನು ಪಕ್ಷಪಾತವಿಲ್ಲದೆ ಹೇಳುತ್ತೇನೆ. ಮಗಳ ಚೀಲದಲ್ಲಿ ಊರಿಂದ ಒಯ್ದ ಒಂದು ಪೊಟ್ಟಣವಿತ್ತು. ಗೈಡಿಗೂ ಅಲ್ಲಿಯ ಮುದುಕ ಕೆಲಸಗಾರನಿಗೂ ಕೊಟ್ಟೆವು. ಮುದುಕ ಹಸಿರು ಬಣ್ಣ ನೋಡಿ, ಬಾಯಿಗೆ ಹಾಕಿ, ಇನ್ನೊಮ್ಮೆ ಕೈ ಚಾಚಿದ. ಗೈಡ್ ಕೇಳಿದಳು, "ಇದು ಯಾವ ಊರಿನದು?" ಪೊಟ್ಟಣದ ಮೇಲೆ ಏನೂ ಬರೆದಿರಲಿಲ್ಲ.

ಹೋಗುವಾಗ ಕಾಸ್ತೆಲ್ಲೀನಾ ಎಂಬ ಗುಡ್ಡದೂರಿನಲ್ಲಿ ಅರ್ಧ ಗಂಟೆ. ಕೋಟೆಗೋಡೆಗೆ ಹತ್ತಿ ಉದ್ದಕ್ಕೂ ಕಮಾನು ಮುಚ್ಚಿದ ಓಣಿ, ನಡುನಡುವೆ ಕಿಂಡಿ. ಕಿಂಡಿಯಿಂದ ಕಣಿವೆ ಕಾಣುತ್ತದೆ. ಬಾದಾಮಿ ಹಾಕಿದ ಗಟ್ಟಿ ಬಿಸ್ಕತ್ತನ್ನು ಜನ ಸಿಹಿ ವೈನಿನಲ್ಲಿ ಅದ್ದಿ ತಿನ್ನುತ್ತಿದ್ದರು. ನಾನು ಚಹಾದಲ್ಲಿ ಅದ್ದಿದೆ, ಚೆನ್ನಾಗಿಯೇ ಇತ್ತು. ಅಲ್ಲಿಂದ ದೊಡ್ಡ ರಸ್ತೆ ಹಿಡಿದು ಫ್ಲಾರೆನ್ಸಿಗೆ ಬಂದೆವು.

ತಮ್ಮನಿಗೆ ಹೇಳಿದ್ದು ಇಷ್ಟು. ಮೂರು ಎಕರೆಯನ್ನೂ ಕೀಳಬೇಡ, ಹಳೆಯದಾಗಿ ಇಳುವರಿ ಬಿಟ್ಟ ಒಂದು ಎಕರೆ ತೆಗೆ. ಉಳಿದ ಎರಡರಲ್ಲಿ ಗೊನೆ ಕಡಿಮೆ ಬಿಡು. ಅವನು ಮೊದಲನೆಯದಕ್ಕೆ ಒಪ್ಪಿದ. ಎರಡನೆಯದಕ್ಕೆ, "ಅಣ್ಣಾ, ಗೊನಿ ಕೆಡವಲಿಕ್ಕೆ ನನ್ನ ಕೈ ಏಳೂದಿಲ್ಲ" ಅಂದ. ಜಗ್ಗಲಿಲ್ಲ. ಇನ್ನೊಂದು ಕೆಲಸ ಇಬ್ಬರೂ ಸೇರಿ ಮಾಡಿದೆವು. 2024ರ ಮಾಲಿನಲ್ಲಿ ಎರಡು ಕ್ವಿಂಟಲ್ ಆರಿಸಿ ತೆಗೆದು ಕೋಲ್ಡ್ ಸ್ಟೋರೇಜಿನಲ್ಲಿ ಇಟ್ಟೆವು. ಅರ್ಧರ್ಧ ಕಿಲೋ ಚೀಲ ಮಾಡಿ ಅದರ ಮೇಲೆ ಹಳ್ಳಿಯ ಹೆಸರು, ತಾಲೂಕು, ಒಣಗಿಸಿದ ತಿಂಗಳು, ಕನ್ನಡದಲ್ಲಿಯೂ ಮರಾಠಿಯಲ್ಲಿಯೂ ಅಚ್ಚು ಹಾಕಿಸಿದೆವು. ಛಟ್ಟಿ ಅಮಾವಾಸ್ಯೆಗೆ ಗುಡ್ಡಾಪುರ ದಾನಮ್ಮದೇವಿಯ ಜಾತ್ರೆಯಲ್ಲಿ ಕಿಲೋಗೆ 240ರಂತೆ ಮಾರಲು ಕೂತೆವು. ಒಂದು ಕ್ವಿಂಟಲ್ 60 ಕಿಲೋ ಹೋಯಿತು. ಉಳಿದ 40 ಕಿಲೋ ಅಡತಿಗೇ ಹಾಕಬೇಕಾಯಿತು. ಮೂವರು ಗ್ರಾಹಕರು ಆಮೇಲೆ ಫೋನು ಮಾಡಿ ಮತ್ತೆ ಕೇಳಿದರು.

ಸಾಂಗಲಿ ಬೇದಾಣೆಗೆ 2016ರಲ್ಲಿಯೇ ಭೌಗೋಳಿಕ ಸೂಚಕದ ಸರಕಾರಿ ಮಾನ್ಯತೆ ಸಿಕ್ಕಿದೆ. ಕೊಸಿಮೋ ದೊರೆ ಎಳೆದಂಥ ಗೆರೆಯೇ ಅದು. ಆದರೆ ಆ ಗುರುತನ್ನು ಚೀಲದ ಮೇಲೆ ಹಾಕಬೇಕಾದರೆ ಬೆಳೆಗಾರ ತನ್ನ ಹೆಸರನ್ನು ಅಧಿಕೃತ ಬಳಕೆದಾರ ಎಂದು ಚೆನ್ನೈಯ ಕಚೇರಿಯಲ್ಲಿ ದಾಖಲು ಮಾಡಿಸಬೇಕು. ತಮ್ಮನದು, ಅವನ ಮಗ್ಗುಲ ಹೊಲದ ನಾಲ್ವರದು, ಒಟ್ಟು ಐದು ಅರ್ಜಿಗಳನ್ನು ನಾನೇ ಕೂತು ತುಂಬಿದ್ದೇನೆ. ಸಾತಬಾರಾ ಉತಾರೆ, ಆಧಾರ ಪ್ರತಿ, ಎಲ್ಲ ಜೋಡಿಸಿ ಕಳಿಸಿದ್ದಾಗಿದೆ. ನಮ್ಮ ಭಾಗದ ಬೆಳೆಗಾರರು ಯಾರಾದರೂ ತುಂಬಿಸಿಕೊಳ್ಳುವುದಿದ್ದರೆ ಉತಾರೆ ತೆಗೆದುಕೊಂಡು ಬರ್ರಿ, ಮಧ್ಯಾಹ್ನ ಮೂರರ ಮೇಲೆ ನಾನು ಮನೆಯಲ್ಲಿಯೇ ಇರುತ್ತೇನೆ.